"ಕೇಸ್ ತಳ್ಳಿ" ಅಂದರೆ ಮುಂದೂಡಿದರು ಅಂತಲ್ಲ

ಪ್ರಶ್ನೆ: ವಕೀಲರೇ, ನಮ್ಮದು ಪೆರ್ಲದ ಹತ್ತಿರ ಒಂದೂವರೆ ಎಕರೆ ಅಡಿಕೆ ತೋಟ. ತೋಟಕ್ಕೆ ಹೋಗುವ ದಾರಿ ನೆರೆಮನೆಯವರ ಜಾಗದ ಅಂಚಿನಲ್ಲಿದೆ. ಮಾವನವರ ಕಾಲದಿಂದಲೂ ಅಡಿಕೆ, ಗೊಬ್ಬರ, ಮದ್ದು ಬಿಡುವ ಪಂಪು ಎಲ್ಲ ಅದರಲ್ಲೇ ಹೋಗಿಬಂದದ್ದು. ನಾಲ್ಕು ವರ್ಷದ ಹಿಂದೆ ಅವರು ಅಲ್ಲಿದ್ದ ತಡಮೆ (ದನ ನುಗ್ಗದ ಹಾಗೆ, ಜನ ಮಾತ್ರ ದಾಟಲು ಬೇಲಿಯಲ್ಲಿ ಮಾಡಿದ ದಾರಿ) ಕಿತ್ತು ತಂತಿ ಬೇಲಿ ಹಾಕಲು ಹೊರಟಾಗ ಕಾಸರಗೋಡು ಮುನ್ಸಿಫ್ ಕೋರ್ಟಿನಲ್ಲಿ ನನ್ನ ಹೆಸರಲ್ಲಿ ದಾವೆ ಹಾಕಿದೆವು. ತಾತ್ಕಾಲಿಕ ತಡೆಯಾಜ್ಞೆಯೂ ಸಿಕ್ಕಿತ್ತು. ಈ ಜುಲೈ 18ಕ್ಕೆ ನನ್ನ ಸಾಕ್ಷಿ ಇತ್ತು. 16ರ ರಾತ್ರಿ ನಮ್ಮ ಯಜಮಾನರಿಗೆ ಎದೆನೋವು ಬಂದು ಮಂಗಳೂರಿನ ಆಸ್ಪತ್ರೆಗೆ ಸೇರಿಸಿದೆವು. ಸ್ಟೆಂಟ್ ಹಾಕಿದರು. 24ಕ್ಕೆ ಮನೆಗೆ ಬಂದೆವು. ನಡುವೆ 20ನೇ ತಾರೀಕು ಆಸ್ಪತ್ರೆಯಿಂದಲೇ ವಕೀಲರ ಆಫೀಸಿಗೆ ಫೋನ್ ಮಾಡಿದ್ದೆ. ಹೊಸ ಹುಡುಗ ಎತ್ತಿ "ಕೇಸ್ ತಳ್ಳಿ" ಎಂದ. ಸರಿ, ಮುಂದೆ ತಳ್ಳಿದ್ದಾರೆ ಅಂದುಕೊಂಡೆ. ಸೆಪ್ಟೆಂಬರ್ 26ಕ್ಕೆ ತೋಟಕ್ಕೆ ಹೋದರೆ ದಾರಿಗೆ ಕಬ್ಬಿಣದ ಗೇಟು, ಬೀಗ. "ನಿಮ್ಮ ಕೇಸು ಬಿದ್ದುಹೋಗಿ ಎರಡು ತಿಂಗಳಾಯ್ತಲ್ಲ" ಎಂದು ಅವರ ಮಗ ನಕ್ಕ. ಎಲ್ಲ ಮುಗಿಯಿತಾ? ಹೊಸ ಕೇಸು ಹಾಕಬಹುದಾ?

ಉತ್ತರ: ಅಕ್ಕಾ, ನಿಮ್ಮ ಕಾಗದ ಕೈಗೆ ಬಂದ ದಿನವೇ ಫೋನ್ ಮಾಡಿ ಎರಡು ಮಾತು ಹೇಳಿದ್ದೆ, ನೆನಪಿರಬಹುದು. ಇಂಥ ವಿಷಯದಲ್ಲಿ ಪತ್ರಿಕೆ ಅಚ್ಚಾಗಿ ಬರುವವರೆಗೆ ಕಾದರೆ ಅಷ್ಟು ದಿನ ಸುಮ್ನೆ ಹೋಯಿತು. ಉಳಿದವರಿಗೂ ಉಪಯೋಗವಾಗಲಿ ಎಂದು ಇಲ್ಲಿ ವಿವರವಾಗಿ ಬರೆಯುತ್ತಿದ್ದೇನೆ.

ಮುಗಿದಿಲ್ಲ. ಆದರೆ ಹೊಸ ಕೇಸು ಹಾಕಲು ಮಾತ್ರ ಹೋಗಬೇಡಿ.

ಮೊದಲು ಆ "ತಳ್ಳಿ"ಯ ವಿಷಯ. ಆ ಹುಡುಗ ಸುಳ್ಳು ಹೇಳಲಿಲ್ಲ, ನೀವೂ ತಪ್ಪು ಕೇಳಿಸಿಕೊಳ್ಳಲಿಲ್ಲ. ಮಲಯಾಳದಲ್ಲಿ "ಕೇಸ್ ತಳ್ಳಿ" ಅಂದರೆ ಕೇಸು ವಜಾ ಆಯಿತು ಎಂದೇ ಅರ್ಥ. ಮುಂದಕ್ಕೆ ಹಾಕಿದ್ದರೆ ಅವನು "ಮಾಟ್ಟಿವೆಚ್ಚು" ಎನ್ನುತ್ತಿದ್ದ. ನಮ್ಮ ಕಡೆ ಮದುವೆಯನ್ನೂ ಮುಂದೆ ತಳ್ಳುತ್ತಾರೆ, ಚೀಟಿಯ ಕಂತನ್ನೂ ತಳ್ಳುತ್ತಾರೆ. ನೀವು ಹಾಗೇ ತಿಳಿದದ್ದು ಸಹಜ. ಒಂದೇ ಶಬ್ದ, ಎರಡು ಭಾಷೆ, ನಡುವೆ ನಿಮ್ಮ ದಾರಿ. 1956ರ ನವೆಂಬರ್ 1ರ ತನಕ ಕಾಸರಗೋಡು ಮದ್ರಾಸಿನ ದಕ್ಷಿಣ ಕನ್ನಡ ಜಿಲ್ಲೆಯ ತಾಲೂಕಾಗಿತ್ತು. ಅದಕ್ಕೇ ನಮ್ಮ ಹಳೇ ಪಾಲುಪಟ್ಟಿ, ದಸ್ತಾವೇಜುಗಳೆಲ್ಲ ಕನ್ನಡದಲ್ಲಿವೆ. ಈಗ ಕೋರ್ಟಿನ ವರಾಂಡದ ಮಾತು ಮಲಯಾಳ, ಕಾಗದದ ಮೇಲೆ ಇಂಗ್ಲಿಷ್. ಈ ಗೊಂದಲವನ್ನು ನಾಚಿಕೆಯಿಂದ ಬಚ್ಚಿಡಬೇಡಿ. ನಿಮ್ಮ ಅರ್ಜಿಯ ಜೀವವೇ ಅದು. ಯಾಕೆ ಎಂದು ಮುಂದೆ ಹೇಳುತ್ತೇನೆ.

ಜುಲೈ 18ಕ್ಕೆ ಕೋರ್ಟಿನಲ್ಲಿ ಏನಾಗಿರಬಹುದು ನೋಡಿ. ಬೆಳಗ್ಗೆ 11 ಗಂಟೆಗೆ ಕರೆಯುವಾಗ ನೀವಿಲ್ಲ. ವಕೀಲರೂ ಇಲ್ಲದಿರಬಹುದು, ಅಥವಾ ಬಂದು "ಕಕ್ಷಿಯಿಂದ ಸೂಚನೆ ಇಲ್ಲ" ಎಂದಿರಬಹುದು. ಹೊತ್ತು ಏರಿದ ಮೇಲೆ ಇನ್ನೊಮ್ಮೆ ಕರೆದಿರುತ್ತಾರೆ. ಪ್ಯೂನ್ ಬಾಗಿಲಿಗೆ ಬಂದು ಹೆಸರು ಕೂಗಿರುತ್ತಾನೆ. ಆಗಲೂ ಇಲ್ಲ ಎಂದಾದರೆ ಒಂದು ಸಾಲಿನ ಆದೇಶ. ಕೇಸಿನ ಸರಿ ತಪ್ಪನ್ನು ಯಾರೂ ನೋಡಿಯೇ ಇಲ್ಲ. ದಾರಿ ನಿಮ್ಮದಲ್ಲ ಎಂದು ಕೋರ್ಟು ಹೇಳಿಲ್ಲ. ನೀವು ಬರಲಿಲ್ಲ ಎಂದಷ್ಟೇ ಹೇಳಿದೆ.

ಇಲ್ಲಿ ಒಂದು ಸಣ್ಣ ವ್ಯತ್ಯಾಸ ಇದೆ. ನಮ್ಮ ಕೆಲವು ಕಿರಿಯ ವಕೀಲರಿಗೇ ಅದು ಗೊತ್ತಿರುವುದಿಲ್ಲ. ಅವತ್ತು ನೆರೆಮನೆಯವರ ಕಡೆಯವರು ಹಾಜರಿದ್ದರಾ? ಎರಡೂ ಕಡೆಯವರು ಇಲ್ಲದೆ ವಜಾ ಆಗಿದ್ದರೆ ಅದು ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆರ್ಡರಿನ 3ನೇ ನಿಯಮ (ಇಲ್ಲಿ ಆರ್ಡರ್ ಅಂದರೆ ಆದೇಶವಲ್ಲ, ಸಂಹಿತೆಯ ಅಧ್ಯಾಯದ ಹಾಗೆ). ಆಗ ಹಳೇ ದಾವೆಯನ್ನೇ ಎಬ್ಬಿಸಬಹುದು, ಅವಧಿ ಮೀರದಿದ್ದರೆ ಹೊಸದನ್ನೂ ಹಾಕಬಹುದು. ಅವರು ಹಾಜರಿದ್ದು ನೀವು ಮಾತ್ರ ಇಲ್ಲದಿದ್ದರೆ ಅದು 8ನೇ ನಿಯಮ. ಆಗ ಅದೇ ಕಾರಣಕ್ಕೆ ಹೊಸ ದಾವೆ ಹಾಕಲು 9ನೇ ನಿಯಮ ಅಡ್ಡ ಬರುತ್ತದೆ. ಇದ್ದ ದಾವೆಯನ್ನು ಎಬ್ಬಿಸುವುದೊಂದೇ ದಾರಿ. ಅವರ ಮಗನಿಗೆ ಸುದ್ದಿ ಗೊತ್ತಿದ್ದ ಚೆಂದ ನೋಡಿದರೆ ಅವರ ವಕೀಲರು ಅವತ್ತು ಅಲ್ಲೇ ಇದ್ದರು ಎಂದು ನನ್ನ ಲೆಕ್ಕ. ಆದರೆ ಲೆಕ್ಕ ಬೇಡ. ವಿದ್ಯಾನಗರದ ಕೋರ್ಟಿಗೆ ಹೋಗಿ ಆದೇಶದ ನಕಲಿಗೆ ಅರ್ಜಿ ಕೊಡಿ.

ನಿಮ್ಮ ವಿಷಯದಲ್ಲಿ ಹೊಸ ದಾವೆ ಇನ್ನೊಂದು ಕಾರಣಕ್ಕೂ ಅಪಾಯ. ಬಳಕೆಯಿಂದ ಬಂದ ದಾರಿಯ ಹಕ್ಕಿಗೆ 1882ರ ಈಸ್‌ಮೆಂಟ್ ಕಾಯ್ದೆಯ ಪ್ರಕಾರ 20 ವರ್ಷ ಅಡ್ಡಿಯಿಲ್ಲದೆ ನಡೆದಾಡಿರಬೇಕು. ಆ 20 ವರ್ಷ ದಾವೆ ಹಾಕುವ ದಿನಕ್ಕಿಂತ ಹಿಂದಿನ ಎರಡು ವರ್ಷದೊಳಗೆ ಬಂದು ಮುಗಿಯಬೇಕು. ನಿಮ್ಮ ಹಳೇ ದಾವೆಗೆ ನಾಲ್ಕು ವರ್ಷದ ಹಿಂದಿನ ತಾರೀಕಿದೆ. ತಡಮೆ ಕಿತ್ತ ಕೂಡಲೇ ಹಾಕಿದ ದಾವೆ ಅದು. ಹೊಸದಕ್ಕೆ ಇವತ್ತಿನ ತಾರೀಕು ಬೀಳುತ್ತದೆ. ನಡುವಿನ ನಾಲ್ಕು ವರ್ಷದ ಜಗಳವನ್ನೇ ಅಡ್ಡಿ ಎಂದು ಅವರು ತೋರಿಸುತ್ತಾರೆ. ಇದ್ದ ಹಸುವನ್ನು ಬಿಟ್ಟು ಸಂತೆಗೆ ಹೋದ ಹಾಗೆ ಆಗುತ್ತದೆ.

ಇನ್ನು ದಿನದ ಲೆಕ್ಕ. ವಜಾ ಆದ ದಾವೆಯನ್ನು ಎಬ್ಬಿಸಲು ಅರ್ಜಿ ಕೊಡುವ ಅವಧಿ 30 ದಿನ. ನಿಮಗೆ ಗೊತ್ತಾದ ದಿನದಿಂದಲ್ಲ, ವಜಾ ಆದ ದಿನದಿಂದ. ಜುಲೈ 18ರಿಂದ ಎಣಿಸಿದರೆ ಆಗಸ್ಟ್ 17ಕ್ಕೆ ಮುಗಿಯಿತು. ನೀವು ಅಕ್ಟೋಬರ್ 3ಕ್ಕೆ ಕೊಟ್ಟರೆ 47 ದಿನ ತಡ. ಹಾಗಾಗಿ ಎರಡು ಅರ್ಜಿ ಬೇಕು. ದಾವೆ ಎಬ್ಬಿಸಲು ಒಂದು, ಆ 47 ದಿನವನ್ನು ಮನ್ನಿಸಲು ಕಾಲಮಿತಿ ಕಾಯ್ದೆಯ 5ನೇ ಕಲಮಿನ ಕೆಳಗೆ ಇನ್ನೊಂದು. ಎರಡನೆಯದು ಬಿದ್ದರೆ ಮೊದಲನೆಯದನ್ನು ಯಾರೂ ತೆರೆದು ನೋಡುವುದಿಲ್ಲ. ಎಷ್ಟೋ ಜನ ಮೊದಲನೆಯದಕ್ಕೆ ಆಸ್ಪತ್ರೆಯ ರಾಶಿ ಕಾಗದ ಲಗತ್ತಿಸಿ, ಎರಡನೆಯದರಲ್ಲಿ "ಮನೆಯ ತೊಂದರೆಯಿಂದ ತಡವಾಯಿತು" ಎಂದು ಒಂದು ಸಾಲು ಬರೆದು ಸೋತದ್ದನ್ನು ನೋಡಿದ್ದೇನೆ.

ನೀವು ಕಟಕಟೆಯಲ್ಲಿ ನಿಂತಿದ್ದೀರಿ, ಎದುರಿನ ವಕೀಲ ನಾನೇ ಎಂದು ಇಟ್ಟುಕೊಳ್ಳಿ. ಜುಲೈ 18ರ ಬಗ್ಗೆ ನಾನು ಕೇಳುವುದೇ ಇಲ್ಲ. ಗಂಡನಿಗೆ ಸ್ಟೆಂಟ್ ಹಾಕುವಾಗ ಹೆಂಡತಿ ಕೋರ್ಟಿಗೆ ಬರಬೇಕಿತ್ತು ಎಂದರೆ ಜಡ್ಜರು ನನ್ನನ್ನೇ ಗದರಿಸಿಯಾರು. ನಾನು ಕೇಳುವುದು ಇಷ್ಟೇ: "ಅಮ್ಮಾ, 24ಕ್ಕೆ ಮನೆಗೆ ಬಂದಿರಿ. ಸೆಪ್ಟೆಂಬರ್ 26ರ ತನಕ ಎರಡು ತಿಂಗಳು ಏನು ಮಾಡುತ್ತಿದ್ದಿರಿ?" ನಿಮ್ಮ ಕೇಸು ನಿಲ್ಲುವುದೂ ಬೀಳುವುದೂ ಈ ಪ್ರಶ್ನೆಯ ಮೇಲೆ. ಅದಕ್ಕೆ ಉತ್ತರ ಆ "ತಳ್ಳಿ".

ಹಾಗಾಗಿ ಅಫಿಡವಿಟ್ಟಿನಲ್ಲಿ ಅದು ಇದ್ದಹಾಗೇ ಬರಲಿ. 20ನೇ ತಾರೀಕು ಎಷ್ಟು ಗಂಟೆಗೆ, ಯಾವ ನಂಬರಿನಿಂದ ಫೋನ್ ಮಾಡಿದಿರಿ, ಆ ಕಡೆಯವರು ಹೇಳಿದ ಎರಡು ಶಬ್ದ ಯಾವುದು, ನಿಮ್ಮ ಮನೆಮಾತು ಏನು, ಆ ಶಬ್ದಕ್ಕೆ ಕನ್ನಡದಲ್ಲಿ ನೀವು ಮಾಡಿಕೊಂಡ ಅರ್ಥ ಏನು. ಫೋನಿನ ಕರೆಪಟ್ಟಿ ತೆಗೆಸಿ ಲಗತ್ತಿಸಿ. ಜಡ್ಜರು ಮಲಯಾಳಿಯಾಗಿದ್ದರೆ ಇನ್ನೂ ಒಳ್ಳೆಯದು. ಆ ಶಬ್ದ ಅವರಿಗೆ ಗೊತ್ತು, ಅದರ ಕನ್ನಡದ ಅರ್ಥ ಮಾತ್ರ ನೀವು ಹೇಳಿಕೊಟ್ಟರೆ ಸಾಕು. ಆ ಎರಡು ತಿಂಗಳಲ್ಲಿ ಯಜಮಾನರನ್ನು ಮತ್ತೆ ತೋರಿಸಲು ಮಂಗಳೂರಿಗೆ ಹೋದ ಚೀಟಿಗಳನ್ನೂ ಇಡಿ. ಆಟಿ ತಿಂಗಳ ಮಳೆಯಲ್ಲಿ ಕೊಳೆರೋಗಕ್ಕೆ ಮದ್ದು ಬಿಡಿಸಲೂ ನೀವೊಬ್ಬರೇ ಓಡಾಡಿದ್ದೀರಿ ಎಂದು ಫೋನಿನಲ್ಲಿ ಹೇಳಿದಿರಲ್ಲ, ಅದನ್ನೂ ಬರೆಸಿ. ಆದರೆ ನಿಮಗೂ ಆರೋಗ್ಯ ಸರಿ ಇರಲಿಲ್ಲ ಎಂದು ಸುಳ್ಳು ಸರ್ಟಿಫಿಕೇಟು ಮಾಡಿಸಬೇಡಿ. ನಿಜವಾದ ಕಾರಣ ಇರುವಾಗ ಸುಳ್ಳನ್ನು ಜೊತೆಗಿಟ್ಟರೆ ಎರಡೂ ಮುಳುಗುತ್ತವೆ.

ಅಫಿಡವಿಟ್ಟು ಇಂಗ್ಲಿಷಿನಲ್ಲೋ ಮಲಯಾಳದಲ್ಲೋ ಇರುತ್ತದೆ. ಕೊನೆಯಲ್ಲಿ, ಓದಿ ಹೇಳಿ ಅರ್ಥವಾದ ಮೇಲೆ ಸಹಿ ಹಾಕಿದ್ದು ಎಂಬ ಮಾತಿರುತ್ತದೆ. ಕನ್ನಡದಲ್ಲಿ ಸಾಲು ಸಾಲಾಗಿ ಹೇಳಿಸಿಕೊಂಡ ಮೇಲೆಯೇ ಸಹಿ ಹಾಕಿ. ವಕೀಲರಿಗೆ ಅರ್ಜೆಂಟ್ ಇದ್ದರೆ ಇರಲಿ.

ಒಂದೊಂದು ದಿನದ ತಡಕ್ಕೂ ಲೆಕ್ಕ ಕೊಡಬೇಕು ಎಂದು ಯಾರಾದರೂ ಹೆದರಿಸಿದರೆ, 1987ರಲ್ಲೇ ಸುಪ್ರೀಂ ಕೋರ್ಟು ಕಾತಿಜಿ ಪ್ರಕರಣದಲ್ಲಿ ಆ ಮಾತನ್ನು ಅಕ್ಷರಕ್ಕೆ ಅಕ್ಷರ ಹಿಡಿಯಬಾರದು, ಸಾಮಾನ್ಯ ಬುದ್ಧಿಯಿಂದ ನೋಡಬೇಕು ಎಂದಿದೆ. ನಿಮ್ಮ ವಕೀಲರು ಅವತ್ತು ಬಾರದಿದ್ದುದಕ್ಕೆ ನಿಮಗೆ ಶಿಕ್ಷೆಯಾಗಬೇಕಾ ಎಂದರೆ, 1981ರ ರಫೀಕ್ ಮತ್ತು ಮುನ್ಷಿಲಾಲ್ ಪ್ರಕರಣ ಇದೆ. ವಕೀಲರ ತಪ್ಪಿಗೆ ಏನೂ ಅರಿಯದ ಕಕ್ಷಿದಾರ ಬೆಲೆ ತೆರಬಾರದು ಎಂದು ಅದರಲ್ಲಿ ಹೇಳಿದೆ. ಆದರೆ ಇದನ್ನೊಂದನ್ನೇ ನಂಬಬೇಡಿ. ಎಲ್ಲವನ್ನೂ ವಕೀಲರ ತಲೆಗೆ ಕಟ್ಟಿ ಕಕ್ಷಿದಾರ ಕೈತೊಳೆದುಕೊಳ್ಳುವಂತಿಲ್ಲ ಎಂದೂ ಆಮೇಲಿನ ತೀರ್ಪುಗಳು ಎಚ್ಚರಿಸಿವೆ. ನೀವು ಫೋನ್ ಮಾಡಿ ವಿಚಾರಿಸಿದ್ದೀರಿ ಎಂಬುದೇ ಇಲ್ಲಿ ನಿಮ್ಮ ಬಲ.

ನಿಮ್ಮ ವಕೀಲರ ಮೇಲೆ ನಿಮಗೆ ಸಿಟ್ಟಿದೆ, ಕಾಗದದಲ್ಲೇ ಗೊತ್ತಾಗುತ್ತದೆ. ನನಗೆ ಅವರ ಪರ ವಹಿಸುವ ಹಕ್ಕಿಲ್ಲ. ಆದರೂ ನನ್ನದೊಂದು ಹೇಳಿಬಿಡುತ್ತೇನೆ. ನಾನು ಹೊಸದಾಗಿ ಕಪ್ಪು ಕೋಟು ಹಾಕಿದ ಕಾಲ. ನಮ್ಮ ಸೀನಿಯರ ಆಫೀಸಿನಲ್ಲಿ ಹಳೇ ಗುಮಾಸ್ತರೊಬ್ಬರಿದ್ದರು. ಡೈರಿಯಲ್ಲಿ ತಾರೀಕನ್ನು ಕನ್ನಡದ ಅಂಕಿಯಲ್ಲೇ ಬರೆಯುತ್ತಿದ್ದರು. ಅವರ ೬ ಕೂಡ ೯ರ ಹಾಗೇ ಕಾಣುತ್ತಿತ್ತು. ೧೬ನ್ನು ನಾನು ೧೯ ಎಂದು ಓದಿದೆ. 19ಕ್ಕೆ ಕೋಟು ಇಸ್ತ್ರಿ ಮಾಡಿ ಗತ್ತಿನಲ್ಲಿ ಹೋದರೆ ಕೇಸು ಮೂರು ದಿನದ ಹಿಂದೆಯೇ ವಜಾ. ಕಕ್ಷಿದಾರರು ಬಾಯಾರಿನ ಒಬ್ಬ ಮುದುಕರು, ಬೆಳಗ್ಗಿನ ಬಸ್ಸಿಗೆ ಬಂದು ನನ್ನ ಪಕ್ಕದಲ್ಲೇ ನಿಂತಿದ್ದರು. ಏನಾಯ್ತು ಮಗಾ ಎಂದರು. ಹೇಳಲು ನನ್ನ ಬಾಯಿ ಒಣಗಿತ್ತು. ಮರುದಿನವೇ ನನ್ನದೇ ಅಫಿಡವಿಟ್ಟು ಹಾಕಿ, ಡೈರಿಯ ಆ ಪುಟವನ್ನೇ ತೋರಿಸಿ ಕೇಸು ಎಬ್ಬಿಸಿದೆವು. ಜಡ್ಜರು ಪುಟವನ್ನು ಕನ್ನಡಕ ಎತ್ತಿ ನೋಡಿ, ಇದು ಆರೂ ಹೌದು ಒಂಬತ್ತೂ ಹೌದು ಎಂದರು. ಎದುರಿನವರಿಗೆ ಕೊಡಬೇಕಾದ ಖರ್ಚನ್ನು ಸೀನಿಯರು ನನ್ನ ಸಂಬಳದಿಂದ ಹಿಡಿದರು.

ಇದನ್ನು ಹೇಳಿದ್ದು ಯಾಕೆಂದರೆ, ನಿಮ್ಮ ವಕೀಲರನ್ನು ಕಂಡು ಆ ಹುಡುಗನದೂ ಅವರದೂ ಒಂದೊಂದು ಅಫಿಡವಿಟ್ಟು ಕೇಳಿ. ತಪ್ಪು ಒಪ್ಪುವ ವಕೀಲ ಸಿಕ್ಕಿದರೆ ಅರ್ಧ ಕೆಲಸ ಆಯಿತು. ಒಪ್ಪದಿದ್ದರೆ ಬೇರೆಯವರನ್ನು ನೋಡಿ. ಹಳೇ ವಕೀಲರಿಂದ ಫೈಲೂ ಒಪ್ಪಿಗೆಯೂ ಬರಲು ವಾರಗಟ್ಟಲೆ ಹೋದೀತು ಎಂದು ಕೂರಬೇಡಿ. ಖರ್ಚಿನ ಚಿಂತೆ ಇದ್ದರೆ ತಾಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. 1987ರ ಕಾಯ್ದೆಯಂತೆ ಹೆಂಗಸರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ. ತೋಟ ಇದೆ ಎಂದು ಸಂಕೋಚ ಬೇಡ.

ಗೇಟಿನ ಮಾತು ಬಿಟ್ಟೇ ಹೋಯಿತು. ದಾವೆ ಬಿದ್ದಾಗ ಅದರ ಜೊತೆ ತಡೆಯಾಜ್ಞೆಯೂ ಬಿದ್ದಿದೆ. ಆ ಸಂದು ನೋಡಿಯೇ ಅವರು ಗೇಟು ಹಾಕಿದ್ದು. ಅದಕ್ಕಾಗಿ ಅವರ ಮೇಲೆ ಆಜ್ಞೆ ಮುರಿದ ದೂರು ಕೊಡಲು ಬರುವುದಿಲ್ಲ. ಆದರೆ ದಾವೆ ಎದ್ದರೆ ಹಳೇ ತಡೆಯಾಜ್ಞೆಯೂ ಏಳುತ್ತದಾ? 2004ರಲ್ಲಿ ಕೇರಳದಿಂದಲೇ ಹೋದ ವರೀದ್ ಜೇಕಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಬಹುಮತದಿಂದ ಹೌದು ಎಂದಿದೆ. ದಾವೆ ಎಬ್ಬಿಸುವ ಆದೇಶದಲ್ಲಿ ಬೇಡ ಎಂಬ ಅರ್ಥ ಇಲ್ಲದಿದ್ದರೆ ಹಳೇ ಮಧ್ಯಂತರ ಆದೇಶಗಳೂ ಜೀವ ಪಡೆಯುತ್ತವೆ. ಹಾಗೆಂದು ಸುಮ್ಮನಿರಬೇಡಿ. ಅರ್ಜಿಯಲ್ಲೇ ತಡೆಯಾಜ್ಞೆ ಮುಂದುವರಿಸಿ ಎಂದೂ ಗೇಟು ತೆಗೆಸಿ ಎಂದೂ ಬೇರೆಬೇರೆಯಾಗಿ ಕೇಳಿ. ಗೇಟಿನ ಫೋಟೋ ಇವತ್ತೇ ತೆಗೆಯಿರಿ, ಹಳೇ ತಡಮೆಯ ಕಲ್ಲು ಇನ್ನೂ ಇದ್ದರೆ ಅದರದೂ. ಬೀಗ ಒಡೆಯಲು ಮಾತ್ರ ಹೋಗಬೇಡಿ.

ಕೋರ್ಟು ಒಪ್ಪಿದರೆ ಎದುರಿನವರಿಗೆ ಇಷ್ಟು ಖರ್ಚು ಕೊಡಿ ಎಂದು ಶರತ್ತು ಹಾಕಬಹುದು. ಹೇಳಿದ ದಿನದೊಳಗೆ ಕಟ್ಟಿ ರಶೀದಿ ಇಟ್ಟುಕೊಳ್ಳಿ. ಆ ದಿನ ತಪ್ಪಿಸಿ ಎದ್ದ ಕೇಸನ್ನು ಮತ್ತೆ ಮಲಗಿಸಿದವರಿದ್ದಾರೆ. ಒಪ್ಪದಿದ್ದರೆ 43ನೇ ಆರ್ಡರಿನ ಕೆಳಗೆ 30 ದಿನದೊಳಗೆ ಮೇಲಿನ ಕೋರ್ಟಿಗೆ ಅಪೀಲು ಇದೆ.

ಇನ್ನು ಮೇಲೆ ಯಾರ ಬಾಯಿಮಾತನ್ನೂ ನಂಬಬೇಕಾಗಿಲ್ಲ. ನಿಮ್ಮ ಕೇಸಿಗೆ 16 ಅಕ್ಷರ ಅಂಕಿಯ ಸಿಎನ್‌ಆರ್ ನಂಬರ್ ಇದೆ. ಕೇರಳದ್ದಾದ್ದರಿಂದ ಕೆಎಲ್ ಎಂದು ಶುರುವಾಗುತ್ತದೆ. ಮೊಬೈಲಿನಲ್ಲಿ ಇ-ಕೋರ್ಟ್ಸ್ ಆ್ಯಪ್ ಹಾಕಿ ಆ ನಂಬರ್ ಒತ್ತಿದರೆ ಮುಂದಿನ ತಾರೀಕು ಕಾಣುತ್ತದೆ. ಇಂಗ್ಲಿಷಿನಲ್ಲಿರುತ್ತದೆ, ಆದರೂ ತಾರೀಕು ಓದಲು ಇಂಗ್ಲಿಷ್ ಬೇಡ ಅಲ್ವಾ. ಮೊಮ್ಮಗಳು ಆರನೇ ಕ್ಲಾಸಿನಲ್ಲಿದ್ದಾಳೆ ಎಂದಿರಿ. ಅವಳಿಗೆ ಹೇಳಿ, ತಿಂಗಳಿಗೆರಡು ಸಲ ನೋಡಿ ಕ್ಯಾಲೆಂಡರಿನಲ್ಲಿ ಗುರುತು ಹಾಕಲಿ.

ಪ್ರಶ್ನೆ: ವರ್ಕಾಡಿಯ ಕಡೆಯವನು ನಾನು. ಕೋರ್ಟಿನ ಅಮೀನ ಸಮನ್ಸ್ ತಂದಿದ್ದ. ಮಲಯಾಳದಲ್ಲಿತ್ತು, ನನಗೆ ಓದಲು ಬರುವುದಿಲ್ಲ ಎಂದು ತೆಗೆದುಕೊಳ್ಳಲಿಲ್ಲ. ಈಗ ನನ್ನ ಮೇಲೆ ಏಕಪಕ್ಷೀಯ ಡಿಕ್ರಿ ಆಗಿದೆಯಂತೆ. ಸಮನ್ಸೇ ತೆಗೆದುಕೊಳ್ಳದ ಮೇಲೆ ಅದು ಹೇಗೆ?

ಉತ್ತರ: ಈ ನಂಬಿಕೆ ನಮ್ಮ ಊರಿನಲ್ಲಿ ಬೇರು ಬಿಟ್ಟಿದೆ. ಸಮನ್ಸ್ ಬೇಡ ಎಂದರೆ ಅಮೀನ ಅದನ್ನು ನಿಮ್ಮ ಬಾಗಿಲಿಗೆ ಅಂಟಿಸಿ, ನೋಡಿದವರ ಹೆಸರು ಬರೆದು ವರದಿ ಕೊಡುತ್ತಾನೆ. ಕೋರ್ಟು ಅದನ್ನು ಜಾರಿಯಾಯಿತು ಎಂದೇ ಹಿಡಿಯುತ್ತದೆ. ಓದಲು ಬಾರದಿದ್ದರೂ ತೆಗೆದುಕೊಂಡು, ಓದುವವರ ಹತ್ತಿರ ಹೋಗಬೇಕಿತ್ತು.

ಈಗಲೂ 9ನೇ ಆರ್ಡರಿನ 13ನೇ ನಿಯಮದ ಕೆಳಗೆ ಡಿಕ್ರಿ ರದ್ದು ಮಾಡಲು ಕೇಳಬಹುದು. ಅವಧಿ 30 ದಿನ, ಡಿಕ್ರಿಯ ತಾರೀಕಿನಿಂದ. ಸಮನ್ಸ್ ಸರಿಯಾಗಿ ಜಾರಿಯಾಗದಿದ್ದವರಿಗೆ ಮಾತ್ರ ಗೊತ್ತಾದ ದಿನದಿಂದ. ಬೇಡ ಎಂದು ಕಳಿಸಿದ ನಿಮಗೆ ಆ ಎರಡನೇ ರಿಯಾಯಿತಿ ಸಿಗುವುದು ಕಷ್ಟ. ಆದ್ದರಿಂದ ತಡದ ಮನ್ನಾಕ್ಕೂ ಅರ್ಜಿ ಸೇರಿಸಿ. ಸಮನ್ಸ್ ಬಂದೇ ಇಲ್ಲ ಎಂದು ಮಾತ್ರ ಬರೆಸಬೇಡಿ, ಅಮೀನನ ವರದಿ ಫೈಲಿನಲ್ಲಿ ಕೂತಿದೆ. ಭಾಷೆ ಬಾರದ ಗಲಿಬಿಲಿ ಎಂದು ಇದ್ದದ್ದನ್ನು ಹೇಳಿ. ಇದ್ದದ್ದು ಇದ್ದಹಾಗೆ ಹೇಳಿದವರಿಗೆ ಇಲ್ಲಿಯ ಕೋರ್ಟುಗಳಲ್ಲಿ ಖರ್ಚಿನ ಶರತ್ತಿನ ಮೇಲೆ ಅವಕಾಶ ಸಿಕ್ಕಿದ್ದನ್ನು ಕಂಡಿದ್ದೇನೆ.

ಪ್ರಶ್ನೆ: ಉಪ್ಪಳದಲ್ಲಿ ಅಂಗಡಿ ಇದೆ. ಒಬ್ಬರು ಕೊಟ್ಟ ಚೆಕ್ ಬೌನ್ಸ್ ಆಗಿ ಕೇಸು ಹಾಕಿದ್ದೆ. ಒಂದು ದಿನ ಹೋಗಲಾಗಲಿಲ್ಲ, ಅವರನ್ನು ಬಿಟ್ಟುಬಿಟ್ಟರು. ಅದೇ ಕೋರ್ಟಿನಲ್ಲಿ ಮತ್ತೆ ತೆರೆಸಬಹುದಾ?

ಉತ್ತರ: ಇಲ್ಲ ಸಾಹೇಬರೇ. ಸಿವಿಲ್ ದಾವೆಯಲ್ಲಿ ಇರುವ ಆ ಬಾಗಿಲು ಇಲ್ಲಿ ಇಲ್ಲ. ಫಿರ್ಯಾದಿ ಬಾರದೆ ಆರೋಪಿಯನ್ನು ಬಿಟ್ಟರೆ ಅದು ಖುಲಾಸೆ. ಮ್ಯಾಜಿಸ್ಟ್ರೇಟರು ತಮ್ಮ ಆದೇಶವನ್ನು ತಾವೇ ಹಿಂದಕ್ಕೆ ಪಡೆಯುವಂತಿಲ್ಲ.

ನೀವು ನೋಡಬೇಕಾದ್ದು ಎರಡು. ನಿಮ್ಮ ಕೇಸು 2024ರ ಜುಲೈ 1ರಿಂದ ಬಂದ ಹೊಸ ನಾಗರಿಕ ಸುರಕ್ಷಾ ಸಂಹಿತೆಯ (ಕ್ರಿಮಿನಲ್ ಕೇಸು ನಡೆಸುವ ಕ್ರಮದ ಕಾನೂನು) ಕೆಳಗೆ ನಡೆದದ್ದಾದರೆ, ಅದರ 279ನೇ ಕಲಮಿನಂತೆ ಫಿರ್ಯಾದಿಗೆ ಹಾಜರಾಗಲು 30 ದಿನ ಕೊಟ್ಟ ಮೇಲೆಯೇ ಬಿಡಬೇಕು. ಹಳೇ ಕಾನೂನಿನಲ್ಲಿ ಈ ಮಾತು ಇರಲಿಲ್ಲ. ನಿಮಗೆ ಆ 30 ದಿನ ಕೊಟ್ಟರಾ? ಎರಡನೆಯದು, ಅವತ್ತು ನಿಮ್ಮಿಂದ ನಿಜಕ್ಕೂ ಏನಾದರೂ ಆಗಬೇಕಿತ್ತಾ, ಅಥವಾ ಆರೋಪಿಯ ವಾರಂಟಿಗೋ ಮತ್ತೊಂದಕ್ಕೋ ಇಟ್ಟ ದಿನವಾ? ನಿಮ್ಮ ಹಾಜರಿ ಬೇಕಿಲ್ಲದ ದಿನ ಹೀಗೆ ಬಿಡುವುದು ಸರಿಯಲ್ಲ ಎಂದು 1998ರಲ್ಲೇ ಸುಪ್ರೀಂ ಕೋರ್ಟು ಹೇಳಿದೆ.

ಎರಡರಲ್ಲಿ ಒಂದು ನಿಮ್ಮ ಕಡೆ ಇದ್ದರೂ ಅಪೀಲಿಗೆ ಹೋಗಿ. ಹಿಂದೆಲ್ಲ ಇದಕ್ಕೆ ಎರ್ನಾಕುಳಂನ ಹೈಕೋರ್ಟಿಗೆ ಹೋಗಿ ವಿಶೇಷ ಅನುಮತಿ ಕೇಳಬೇಕಿತ್ತು, 60 ದಿನದೊಳಗೆ. 2025ರಲ್ಲಿ ಸುಪ್ರೀಂ ಕೋರ್ಟು ಚೆಕ್ ಕೇಸಿನ ಫಿರ್ಯಾದಿಯೂ ಸಂತ್ರಸ್ತನೇ, ಅನುಮತಿ ಇಲ್ಲದೆ ಅಪೀಲು ಹಾಕಬಹುದು ಎಂದಿದೆ. ನಿಮ್ಮ ಕೇಸಿಗೆ ಯಾವ ದಾರಿ ಒಳ್ಳೆಯದು ಎಂದು ಆದೇಶದ ನಕಲು ಹಿಡಿದು ಈ ವಾರವೇ ವಕೀಲರನ್ನು ಕೇಳಿ. ಸಾಲ ಕೊಟ್ಟು ಇನ್ನೂ ಮೂರು ವರ್ಷ ಆಗಿಲ್ಲದಿದ್ದರೆ ಹಣ ವಸೂಲಿಗೆ ಸಿವಿಲ್ ದಾವೆಯೂ ಇದೆ. ಸಾಲದ ತಾರೀಕನ್ನು ನೀವು ಬರೆದಿಲ್ಲ. ನಕಲಿನ ಜೊತೆ ಅದನ್ನೂ ಅವರಿಗೆ ಹೇಳಿ.